ಕರೆಯದೆ ಬಂದವರು

ಲಗ್ನಪತ್ರಿಕೆಯಲ್ಲಿ ಅಚ್ಚಾಗುವ ಮಾತುಗಳಲ್ಲಿ ಎಲ್ಲಕ್ಕಿಂತ ದೊಡ್ಡ ಸುಳ್ಳು ಯಾವುದು? 'ಸಹಕುಟುಂಬ ಸಪರಿವಾರ ಸಮೇತರಾಗಿ' ಎಂಬುದು. ಪತ್ರಿಕೆ ಹಂಚುವಾಗ ಬಾಯಲ್ಲೂ ಅದನ್ನೇ ಹೇಳುತ್ತೇವೆ: 'ಮನಿಗೆ ಕೀಲಿ ಹಾಕ್ಕೊಂಡು ಎಲ್ಲಾರೂ ಬರ್ರಿ.' ಅವರು ಹಾಗೇ ಬಂದರೆ ಹಂದರದ ಬಾಗಿಲಲ್ಲಿ ನಿಂತು ತಲೆ ಎಣಿಸುತ್ತೇವೆ. ಒಬ್ಬನನ್ನು ಕರೆದರೆ ನಾಲ್ವರು ಬಂದರೆಂದು ಒಲೆಯ ಹಿಂದೆ ಹಲ್ಲು ಕಡಿಯುತ್ತೇವೆ.

ಇದು ಬರೀ ಅಡಿಗೆಯ ಲೆಕ್ಕವಲ್ಲ. ಯಾರನ್ನು ಕರೆಯದೆಯೂ ಕೂಡಿಸುತ್ತೇವೆ, ಯಾರನ್ನು ಕರೆದೂ ನಿಲ್ಲಿಸುತ್ತೇವೆ ಎಂಬಲ್ಲಿ ನಮ್ಮ ಸಮಾಜದ ಜಾತಕವೇ ಇದೆ.

ಮೊದಲು ಕರೆದವನ ಕಷ್ಟ ಹೇಳೋಣ. ಹಾನಗಲ್, ಶಿಗ್ಗಾಂವಿ ಕಡೆ ಕೂಲಿ ಮಾಡುವ ಅಪ್ಪನೊಬ್ಬ ಸಂಘದ ಸಾಲ ಎತ್ತಿ ಮುನ್ನೂರು ಎಲೆಗೆ ಅಕ್ಕಿ, ಗೋದಿ ಅಳೆದಿರುತ್ತಾನೆ. ನಾಲ್ಕುನೂರು ಜನ ಬಂದರೆ ಕೊನೆಯ ಪಂಕ್ತಿಗೆ ಹುಗ್ಗಿ ಮುಟ್ಟುವುದಿಲ್ಲ. 'ಹೊಟ್ಟಿತುಂಬ ಹಾಕಲಿಲ್ಲ' ಎಂಬ ಮಾತು ಮಗಳ ಬೆನ್ನು ಹತ್ತಿ ಗಂಡನ ಮನೆ ತನಕ ಹೋಗುತ್ತದೆ. ಆ ಹೆದರಿಕೆಯನ್ನು ನಾವು ಆಡಿಕೊಂಡು ನಗಲಾರೆವು. ನಮ್ಮ ಅಪ್ಪಂದಿರೂ ಹೀಗೇ ಹೆದರಿದವರು.

ಆದರೆ ಆ ಹೆದರಿಕೆ ಯಾರ ಮೇಲೆ ತೀರುತ್ತದೆ ನೋಡಿ. ಪುಢಾರಿ ಒಂದು ಪತ್ರಿಕೆಗೆ ಮೂರು ಗಾಡಿ ತುಂಬ ಜನರನ್ನು ಹೇರಿಕೊಂಡು ಬರುತ್ತಾನೆ. ಅವರ ಹೆಸರು ಮನೆಯವರಿಗೂ ಗೊತ್ತಿಲ್ಲ. ಆದರೂ ಮಾಲೆ, ಶಾಲು, ಮೊದಲ ಪಂಕ್ತಿ. ಅವರನ್ನು ಕರೆಯದೆ ಬಂದವರು ಎನ್ನುವ ಎದೆ ಯಾರಿಗಿದೆ? ಪಕ್ಕದ ಕೇರಿಯ ಎರಡು ಹುಡುಗರು ಹಂದರದೊಳಗೆ ಇಣುಕಿದರೆ ಮಾತ್ರ, 'ಏ, ಯಾರು ಕರದಾರಲೇ ನಿಮ್ಮನ್ನ?' ಮೂವತ್ತು ಜನ ಉಂಡರೆ ಮನೆತನದ ಮರ್ಯಾದೆ, ಇಬ್ಬರು ಉಂಡರೆ ನಷ್ಟ! ಹಾಗಾದರೆ ಈ ಲೆಕ್ಕ ಅಕ್ಕಿಯದಲ್ಲ.

ಹಿರೇಕೆರೂರು ಸೀಮೆಯ ಅಬಲೂರು, ಮಾಸೂರುಗಳು ನಮ್ಮವನು ಎನ್ನುವ ಸರ್ವಜ್ಞನ ಹೆಸರಿನಲ್ಲಿ ಒಂದು ತ್ರಿಪದಿ ಎಲ್ಲರ ಬಾಯಲ್ಲಿದೆ. ಕರೆಯದೆ ಹೋದವನಿಗೆ ಕೆರದ ಏಟೇ ತಕ್ಕದ್ದು ಎಂಬುದು ಅದರ ತಾತ್ಪರ್ಯ. ಕೈಯಿಂದ ಬರೆಯದೆ ಓದಿಕೊಂಡವನನ್ನೂ, ಬರಿಗಾಲಿನವನನ್ನೂ ಅದು ಅದೇ ಸಾಲಿನಲ್ಲಿ ನಿಲ್ಲಿಸುತ್ತದೆ. ಮಾಸ್ತರರು ಇದನ್ನು ಹೇಳಿಕೊಟ್ಟಾಗ ತರಗತಿಯೆಲ್ಲ ನಕ್ಕಿತು. ನಾವೂ ನಕ್ಕೆವು. ನಮ್ಮ ಕಾಲೂ ಬರಿದು ಎಂಬುದು ಮನೆಗೆ ನಡೆಯುವಾಗ ನೆನಪಾಯಿತು. ಕೆರ ಹೊಲಿದುಕೊಟ್ಟ ಜನ ಊರೊಳಗೆ ಕೆರ ಮೆಟ್ಟುವಂತಿರಲಿಲ್ಲ. ಪಾಟಿ ಬಳಪ ಕಾಣದ ಜನ ಕಿವಿಯಿಂದ ಕೇಳಿಯೇ ಕಲಿತರು. ಯಾರೂ ಕರೆಯದ್ದರಿಂದ ಕರೆಯದೆ ಹೋದರು. ಮೂರೂ ತಪ್ಪು ಒಂದೇ ಕೇರಿಯವು!

ಆದರೆ ಅದೇ ಸರ್ವಜ್ಞನ ಹೆಸರಿನ ಇನ್ನೊಂದು ತ್ರಿಪದಿ, ನೆಲ ನೀರು ಬೆಂಕಿಗಳಿಗೆ ಇಲ್ಲದ ಭೇದ ಮನುಷ್ಯರ ನಡುವೆ ಎಲ್ಲಿಂದ ಬಂತು ಎಂದು ಕೇಳುತ್ತದೆ. ಗೆಳೆಯರೇ, ಈ ಎರಡನ್ನೂ ಕೂಡಿಸಿ ಓದಬೇಕು. ಯಾರೂ ಕರೆಯದೆ ಬಂದು ನಮ್ಮ ಪಂಕ್ತಿಯ ನಡುವೆ ಕೂತಿರುವುದು ಕುಲ. ಕೆರದ ಏಟು ಸಲ್ಲಬೇಕಾದ್ದು ಅದಕ್ಕೆ.

ನಮ್ಮ ಹಿರಿಯರು ಊರ ಮದುವೆಗಳಿಗೆ ಕರೆಯದೆ ಹೋದವರೇ? ಅಲ್ಲ. ಹಲಗೆ ಬಡಿಯಲು ಕರೆದರು. ಕಟ್ಟಿಗೆ ಒಡೆಯಲು ಕರೆದರು. ಎಂಜಲೆಲೆ ಎತ್ತಲು ಕರೆದರು. ಊಟಕ್ಕೆ ಮಾತ್ರ ಕರೆಯಲಿಲ್ಲ. ಎಲ್ಲರದೂ ಆದ ಮೇಲೆ ಹಿತ್ತಲಲ್ಲಿ ತಮ್ಮದೇ ಬೋಗುಣಿ ಹಿಡಿದು ನಿಂತರು. ಕೈಗೆ ಕರೆ ಇತ್ತು, ಬಾಯಿಗೆ ಇರಲಿಲ್ಲ. 1950ರ ಜನವರಿ 26ರಂದು ಜಾರಿಗೆ ಬಂದ ಸಂವಿಧಾನ ತನ್ನ 17ನೆಯ ವಿಧಿಯಲ್ಲಿ ಅಸ್ಪೃಶ್ಯತೆಯನ್ನು ರದ್ದುಮಾಡಿತು. 1955ರ ಕಾಯ್ದೆ ಅದನ್ನು ಆಚರಿಸುವವರಿಗೆ ಶಿಕ್ಷೆ ಗೊತ್ತುಮಾಡಿತು. ಕಾಯ್ದೆ ಹೋಟೆಲಿನ ಬಾಗಿಲು ತೆಗೆಸಬಲ್ಲದು. ಹಂದರದ ಬಾಗಿಲಲ್ಲಿ ಕಾವಲು ನಿಂತ ಮನಸ್ಸನ್ನು ನಾವೇ ಎಬ್ಬಿಸಬೇಕು.

ಕೊರೋನಾ ಬಂದಾಗ, 2020ರಲ್ಲಿ, ಮದುವೆಗೆ 50 ಜನರೇ ಎಂದು ಸರಕಾರ ಮಿತಿ ಹಾಕಿತು. ಪ್ರತಿ ಮನೆಯಲ್ಲೂ ಪಟ್ಟಿ ಬರೆದರು, ಹೆಸರು ಹೊಡೆದುಹಾಕಿದರು. ಮೊದಲು ಯಾವ ಹೆಸರಿನ ಮೇಲೆ ಗೀಟು ಬಿತ್ತು ಎಂದು ಎಲ್ಲರೂ ತಂತಮ್ಮ ಎದೆ ಮುಟ್ಟಿ ಕೇಳಿಕೊಳ್ಳಬಹುದು. ಸಣ್ಣ ಮದುವೆ ಒಳ್ಳೆಯದೇ. ಪುರೋಹಿತನಿಲ್ಲದ, ವರದಕ್ಷಿಣೆಯಿಲ್ಲದ, ಆಡಂಬರವಿಲ್ಲದ ಮಂತ್ರಮಾಂಗಲ್ಯದ ದಾರಿಯನ್ನು ಕುವೆಂಪು ತೋರಿಸಿಕೊಟ್ಟಿದ್ದಾರೆ. 1966ರಲ್ಲಿ ಮಗ ತೇಜಸ್ವಿಯ ಮದುವೆಯನ್ನೇ ಹಾಗೆ ಮಾಡಿದರು. ಆದರೆ ಸಣ್ಣದು ಮಾಡುವಾಗ ಯಾರನ್ನು ಉಳಿಸಿಕೊಂಡೆವು ಎಂಬ ಪ್ರಶ್ನೆ ಬೆನ್ನು ಬಿಡುವುದಿಲ್ಲ.

ಈಗ ನಮ್ಮದೇ ಹುಣ್ಣು ತೋರಿಸಬೇಕು. ನಮ್ಮ ಮನೆಯ ಮದುವೆಯೊಂದಕ್ಕೆ ಗೆಳೆಯನೊಬ್ಬ ಸವಣೂರಿನಿಂದ ತನ್ನ ಜೊತೆಗಾರನನ್ನು ಕರೆತಂದ. ಆ ಹುಡುಗನ ಮನೆಯವರು ಪಾಯಖಾನೆ ಬಳಿದವರು ಎಂದು ಯಾರೋ ಪಿಸುಗುಟ್ಟಿದರು. ಊರ ಹಿತ್ತಲಲ್ಲಿ ಬೋಗುಣಿ ಹಿಡಿದು ನಿಂತಿದ್ದ ನಮ್ಮ ಕೇರಿಯ ಹಿರಿಯರೇ ಅವನ ಹತ್ತಿರ ಹೋಗಿ, 'ತಮ್ಮಾ, ಚೂರು ತಡಿ, ನಿನಗ ಆಮ್ಯಾಲೆ ಹಾಕ್ತೇವಿ' ಎಂದರು. ಹುಡುಗ 'ಆತ್ ಬಿಡ್ರಿ ಅಜ್ಜಾರ' ಎಂದು ನಕ್ಕ. ಆ ನಗೆ ಬಹಳ ಪಳಗಿದ ನಗೆ. ಡಿಗ್ರಿ ಮುಗಿಸಿದ ನಾವು, ಸಭೆಗಳಲ್ಲಿ ಸಮಾನತೆಯ ಪದ್ಯ ಓದುವ ನಾವು, ಸಾರಿನ ಬಕೆಟ್ಟು ಹಿಡಿದು ಸುಮ್ಮನೆ ನಿಂತೆವು. ಬಕೆಟ್ಟು ಕೆಳಗಿಟ್ಟು ನೋಡುವಷ್ಟರಲ್ಲಿ ಅವನು ಬಸ್ಸಿಗೆ ಹೋಗಿದ್ದ.

ಅದೇ ಸವಣೂರಿನಲ್ಲಿ 2010ರ ಜುಲೈಯಲ್ಲಿ, ತಮ್ಮನ್ನು ಒಕ್ಕಲೆಬ್ಬಿಸುವುದರ ವಿರುದ್ಧ, ಭಂಗಿ ಸಮುದಾಯದವರು ಪುರಸಭೆಯ ಎದುರು ಮೈಮೇಲೆ ಮಲ ಸುರಿದುಕೊಂಡರು. ನಾವಾಗ ಶಾಲೆಯ ಮಕ್ಕಳು. ಮುಂದೆ ಅದನ್ನು ಓದಿ ಅತ್ತೆವು. ಅತ್ತ ಕಣ್ಣೇ ಎಲೆ ಹಾಕುವ ಹೊತ್ತಿಗೆ ಬೇರೆ ಕಡೆ ನೋಡಿತು. ಮೇಲಿನವರು ತುಳಿದರೆಂದು ಕೂಗುವ ಹಕ್ಕು ನಮಗಿದೆ. ನಮ್ಮ ಕಾಲ ಕೆಳಗೆ ಯಾರಿದ್ದಾರೆ ಎಂದು ಬಗ್ಗಿ ನೋಡುವ ಹೊಣೆಯೂ ನಮ್ಮದೇ.

ಹಾಗಾದರೆ ಮಾಡುವುದೇನು? ಮಿತಿ ಹೇಳಬೇಕಾದರೆ ಪತ್ರಿಕೆ ಕೊಡುವಾಗಲೇ ಹೇಳೋಣ: 'ಮನಿಗೆ ಇಬ್ಬರು ಬರ್ರಿ, ನಮ್ಮ ಕೈಲೆ ಇಷ್ಟ ಆಗತೈತಿ.' ಬಡತನ ಒಪ್ಪಿಕೊಳ್ಳುವುದರಲ್ಲಿ ನಾಚಿಕೆಯಿಲ್ಲ. ಪುಢಾರಿಗೂ ಅದೇ ಮಾತು ಹೇಳೋಣ. ಕುಡಿದು ಬಂದು ಹೆಣ್ಣುಮಕ್ಕಳ ಮೈಮೇಲೆ ಬೀಳುವವನನ್ನು ಹೊರಗೆ ಹಾಕೋಣ. ಅದು ನಡತೆಯ ಮಾತು, ಹುಟ್ಟಿನದಲ್ಲ. ಉಳಿದಂತೆ ಹಂದರದೊಳಗೆ ಕಾಲಿಟ್ಟವರ ಎಣಿಕೆ ಬೇಡ. ಸಾರಿಗೆ ಎರಡು ಕೊಡ ನೀರು ಬೀಳಲಿ, ಮನೆಯವರು ಕೊನೆಯ ಪಂಕ್ತಿಗೆ ಕೂಡಲಿ. ಸಾಲದೆ ಹೋದರೆ ಎಲ್ಲರಿಗೂ ಸಾಲದಿರಲಿ. ಹಸಿವನ್ನೂ ಜಾತಿ ನೋಡಿ ಹಂಚಬಾರದು.

ಕೂಡಿ ಉಂಡ ಮಾತ್ರಕ್ಕೆ ಜಾತಿ ಸಾಯುವುದಿಲ್ಲ, ರಕ್ತ ಬೆರೆಯಬೇಕು ಎಂದು ಅಂಬೇಡ್ಕರ್ 1936ರಲ್ಲೇ ವಾದಿಸಿದರು. ನಿಜ. ಸಮಗಾರ ಹರಳಯ್ಯನ ಮಗನಿಗೂ ಮಧುವರಸನ ಮಗಳಿಗೂ ಮದುವೆಯಾದಾಗ ಆ ಮನೆಗೆ ಕರೆಯದೆ ಬಂದದ್ದು ಎಳೆಹೂಟೆಯ ಶಿಕ್ಷೆ ಎಂದು ಕಲ್ಯಾಣದ ಕತೆ ಹೇಳುತ್ತದೆ. ಅಂಥ ಮದುವೆಗೆ ಹಂದರ ಹಾಕುವ ಎದೆ ನಮಗೆ ಬೇಕು. ಆದರೆ ಒಂದು ಎಲೆ ಹಾಕಲಾಗದ ಕೈ ಮಗಳ ಕೈ ಹಿಡಿದು ಧಾರೆ ಎರೆದೀತೇ?

ಆ ಸವಣೂರಿನ ಹುಡುಗನ ಎಲೆ ನಮ್ಮ ಹಂದರದಲ್ಲಿ ಇನ್ನೂ ಹಾಸಿಲ್ಲ. ಮುಂದಿನ ಮದುವೆಗೆ ನಾವೇ ಅವನ ಮನೆಗೆ ಹೋಗಿ, ಅಲ್ಲಿ ನೀರು ಕುಡಿದು, ಕರೆಯಬೇಕು. ಅವನು ಬರಲೊಲ್ಲೆ ಎಂದರೆ, ಯಾಕೆ ಎಂದು ಕೂತು ಕೇಳಿಸಿಕೊಂಡು ಬರಬೇಕು.