ಹೆಗಲು ಮುಟ್ಟಿ ನೋಡಿಕೊಂಡವರು

'ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ' ಎಂಬ ಗಾದೆಯನ್ನು ತರಗತಿಯಲ್ಲಿ ಎಷ್ಟು ಸಲ ವಿವರಿಸಿದ್ದೇನೋ ಲೆಕ್ಕವಿಲ್ಲ. ಕದ್ದವನ ಹೆಗಲಿಗೆ ಬೂದುಗುಂಬಳದ ಬೂದಿ ಅಂಟಿರುತ್ತದೆ, ಅದಕ್ಕೇ ಅವನ ಕೈ ತಾನಾಗಿ ಅಲ್ಲಿಗೆ ಹೋಗುತ್ತದೆ, ಮಾಡಿದ ತಪ್ಪು ಬಹಳ ಹೊತ್ತು ಅಡಗಿರುವುದಿಲ್ಲ ಎಂದು ಹೇಳಿ ಮುಗಿಸುತ್ತಿದ್ದೆ. ಮಕ್ಕಳು ನಗುತ್ತಿದ್ದರು. ಕದಿಯದವನೂ ಹೆಗಲು ಮುಟ್ಟಿಕೊಳ್ಳಬಹುದಲ್ಲ, ಊರವರೆಲ್ಲ ತನ್ನನ್ನೇ ನೋಡುತ್ತಿದ್ದಾರೆಂಬ ಗಾಬರಿಗೆ? ಹಾಗೆಂದು ಯಾವ ಮಗುವೂ ಕೇಳಲಿಲ್ಲ. ನನಗೂ ಹೊಳೆಯಲಿಲ್ಲ. ಹೊಳೆದದ್ದು 2025ರ ದೀಪಾವಳಿಯ ಹೊತ್ತಿಗೆ, ಮಗನ ಕಂಪ್ಯೂಟರಿನ ಮುಂದೆ.

ಓದು ಮುಗಿಸಿ ಕೆಲಸ ಹುಡುಕುತ್ತ ಅವನು ಆಗ ಮನೆಯಲ್ಲಿದ್ದ. ಅವನ ಕಂಪ್ಯೂಟರು ಹಳೆಯದು. ವಿಂಡೋಸ್ 10ಕ್ಕೆ ಇದ್ದ ಸಾಮಾನ್ಯ ಬೆಂಬಲ ಆ ವರ್ಷದ ಅಕ್ಟೋಬರ್ 14ಕ್ಕೆ ಮುಗಿದಿತ್ತು. ವಿಂಡೋಸ್ 11 ಹಾಕೋಣವೆಂದರೆ ಅದು ಕೇಳುವ ಟಿಪಿಎಂ 2.0 ಎಂಬ ಭದ್ರತಾ ವ್ಯವಸ್ಥೆ ಈ ಯಂತ್ರದಲ್ಲಿಲ್ಲ. ಹೊಸದು ಕೊಳ್ಳೋಣವೆಂದೆ. "ಕೆಲಸ ಸಿಗಲಿ ಅಮ್ಮ" ಎಂದ. ಒಂದು ಭಾನುವಾರ ಕೂತು, ಕಾಸು ಕೊಡದೆ ಸಿಗುವ ಲಿನಕ್ಸ್ ಹಾಕಿಕೊಂಡ. ಮುದಿ ಯಂತ್ರಕ್ಕೆ ಮತ್ತೆ ಪ್ರಾಯ ಬಂದಂತಾಯಿತು. ಅರ್ಜಿ ಬರೆಯುವುದು, ಓದುವುದು, ಸಿನಿಮಾ ನೋಡುವುದು ಎಲ್ಲ ಸಲೀಸು. ರಾತ್ರಿ ಒಂಬತ್ತಕ್ಕೆ ಗೆಳೆಯರು ಆಟಕ್ಕೆ ಕರೆದಾಗ ಮಾತ್ರ ಪರದೆಯ ಮೇಲೆ ಎರಡು ಸಾಲು ಬಂದು ನಿಂತಿತು. ಈ ವ್ಯವಸ್ಥೆಯಲ್ಲಿ ಆಡಲು ಅವಕಾಶವಿಲ್ಲ ಎಂಬುದು ಅದರ ಸಾರಾಂಶ.

ಅದು ಬಂದೂಕಿನ ಆಟ. ನನಗೆ ಅದು ಎಂದೂ ಹಿಡಿಸಿರಲಿಲ್ಲ. ಮೂವತ್ತು ವರ್ಷ ಮಕ್ಕಳಿಗೆ ಬಡಿದಾಡಬೇಡಿ ಎಂದು ಹೇಳಿದವಳ ಮನೆಯಲ್ಲೇ ರಾತ್ರಿಯೆಲ್ಲ ಢಂ ಢಂ ಸದ್ದು. ಆದರೆ ಅಡುಗೆಮನೆ ಒರೆಸುತ್ತ ಅವರ ಮಾತು ಕೇಳಿಸಿಕೊಂಡಾಗ ಗೊತ್ತಾದದ್ದು ಬೇರೆ. ಒಬ್ಬ ಪುಣೆಯಲ್ಲಿ, ಇಬ್ಬರು ಬೆಂಗಳೂರಿನಲ್ಲಿ, ಇನ್ನೊಬ್ಬ ಜರ್ಮನಿಯಲ್ಲಿ. ಗುಂಡು ಹಾರಿಸುತ್ತಲೇ ಒಬ್ಬನ ತಾಯಿಯ ಆಪರೇಷನ್ನು, ಇನ್ನೊಬ್ಬನ ಬಾಡಿಗೆ ಮನೆ, ಮತ್ತೊಬ್ಬನಿಗೆ ಸಿಗದ ರಜೆ ಎಲ್ಲವೂ ಅಲ್ಲಿ ಮಾತಿಗೆ ಬರುತ್ತಿತ್ತು. ನಮ್ಮ ಕಾಲದವರು ಕಟ್ಟೆಯ ಮೇಲೆ ಇಸ್ಪೀಟಿಗೆ ಕೂತಂತೆ. ಕೆಲಸವಿಲ್ಲದ ಹುಡುಗನಿಗೆ ಆ ಎರಡು ಗಂಟೆ ಎಷ್ಟು ದೊಡ್ಡದೆಂದು ನನಗೆ ತಿಳಿದದ್ದು ಅದು ನಿಂತ ಮೇಲೆ. ಮೊದಲ ರಾತ್ರಿ ಎಂಟೂವರೆಗೇ ಊಟ ಮುಗಿಸಿ ಮಲಗಿಬಿಟ್ಟ.

ಈ ಲಿನಕ್ಸಿಗೆ ಆಟ ಆಡಿಸುವ ಶಕ್ತಿಯಿಲ್ಲವೇನೋ ಎಂದು ಕೇಳಿದೆ. ಅವನು ನಕ್ಕು ಅದರ ಚರಿತ್ರೆಯನ್ನೇ ಹೇಳಿದ. 1991ರಲ್ಲಿ ಫಿನ್ಲೆಂಡಿನ ಲಿನಸ್ ಟೊರ್ವಾಲ್ಡ್ಸ್ ಎಂಬ ವಿದ್ಯಾರ್ಥಿ ಶುರುಮಾಡಿದ್ದು. ಅದರ ಒಳಗುಟ್ಟನ್ನೆಲ್ಲ ಯಾರು ಬೇಕಾದರೂ ಓದಬಹುದು, ತಿದ್ದಬಹುದು. ಬಂದೂಕಿನ ಆಟಗಳಲ್ಲಿ ಹಿರಿಯನಾದ ಡೂಮ್ ಹೊರಬಂದದ್ದು 1993ರ ಡಿಸೆಂಬರಿನಲ್ಲಿ. ಮರುವರ್ಷವೇ ಅದು ಲಿನಕ್ಸಿಗೂ ಬಂದಿತ್ತು. 2018ರಲ್ಲಿ ವಾಲ್ವ್ ಕಂಪೆನಿ ಪ್ರೋಟಾನ್ ಎಂಬ ತಂತ್ರಾಂಶ ಹೊರತಂದಿತು. ವಿಂಡೋಸಿಗಾಗಿ ಬರೆದ ಆಟದ ಮಾತನ್ನು ಲಿನಕ್ಸಿಗೆ ತಿಳಿಯುವಂತೆ ಮಾಡುವ ದುಭಾಷಿ ಅದು. 2022ರಲ್ಲಿ ಅದೇ ಕಂಪೆನಿ ಮಾರಾಟಕ್ಕೆ ತಂದ ಸ್ಟೀಮ್ ಡೆಕ್ ಎಂಬ ಕೈಯಂತ್ರ ನಡೆಯುವುದೂ ಲಿನಕ್ಸಿನ ಮೇಲೆಯೇ. ಹೀಗೆ ಸಾವಿರಾರು ಆಟಗಳು ಅದರಲ್ಲಿ ಆಡಲು ಸಿಗುತ್ತವೆ.

"ಮತ್ತೆ ನಿನ್ನ ಆಟಕ್ಕೇನು ಧಾಡಿ?"

"ನಾನು ಕಳ್ಳನಲ್ಲ ಅಂತ ತೋರಿಸೋಕೆ ಇದರಲ್ಲಿ ಆಗಲ್ಲ ಅಮ್ಮ" ಎಂದ.

ಈ ಆಟಗಳಲ್ಲಿ ಕಳ್ಳತನ ಬಹಳ. ಗುರಿ ಹಿಡಿಯುವ ಕೆಲಸವನ್ನೇ ಮಾಡಿಕೊಡುವ, ಗೋಡೆಯಾಚೆ ನಿಂತವನನ್ನು ತೋರಿಸಿಕೊಡುವ ತಂತ್ರಾಂಶಗಳನ್ನು ಮಾರುವವರಿದ್ದಾರೆ, ಕೊಳ್ಳುವವರೂ ಇದ್ದಾರೆ. ಇಂಥವರ ಕೈಯಲ್ಲಿ ಸೋತು ಮಗ ಮೇಜು ಗುದ್ದಿದ್ದನ್ನು ನಾನೇ ನೋಡಿದ್ದೇನೆ. ಇದನ್ನು ತಡೆಯಲು ಕಂಪೆನಿಗಳು ಆಟದ ಜೊತೆಗೊಬ್ಬ ಕಾವಲುಗಾರನನ್ನು ಕಳಿಸುತ್ತವೆ. ಮೊದಲು ಇವನು ಜಗಲಿಯ ಮೇಲೆ ಕೂರುತ್ತಿದ್ದ. ಕಳ್ಳರು ಇನ್ನೂ ಒಳಗೆ ನುಸುಳಿದ್ದರಿಂದ ಇವನೂ ಒಳಗೆ ಬಂದ. ಈಗ ಹಲವು ಆಟಗಳಲ್ಲಿ ಇವನ ಜಾಗ ಕರ್ನೆಲ್, ಅಂದರೆ ಕಂಪ್ಯೂಟರಿನ ತಿರುಳು. ನಮ್ಮ ಮನೆಗಳ ಲೆಕ್ಕದಲ್ಲಿ ದೇವರ ಕೋಣೆ ಎನ್ನಿ. 2020ರಲ್ಲಿ ಬಂದ ವ್ಯಾಲೊರಂಟ್ ಆಟದ ಕಾವಲುಗಾರ, ನೀವು ಆಟ ತೆರೆಯುವ ಮೊದಲೇ, ಕಂಪ್ಯೂಟರು ಏಳುವಾಗಲೇ ಎದ್ದು ಕೂರುತ್ತಾನೆ.

ಲಿನಕ್ಸಿನಲ್ಲಿ ತೊಂದರೆ ಏನೆಂದರೆ, ಅಲ್ಲಿ ದೇವರ ಕೋಣೆಯ ಕೀಲಿ ಮನೆಯ ಯಜಮಾನನ ಸೊಂಟದಲ್ಲೇ ಇರುತ್ತದೆ. ಬೇಕೆಂದರೆ ಅವನು ಆ ಕೋಣೆಯನ್ನೇ ಬದಲಿಸಿ ಕಟ್ಟಬಲ್ಲ. ಕಾವಲುಗಾರ ಕಂಡದ್ದು ನಿಜವೋ, ಯಜಮಾನ ಹೂಡಿದ ನಾಟಕವೋ ಎಂದು ಕಂಪೆನಿಗೆ ಖಾತ್ರಿಯಾಗದು. ಏಪೆಕ್ಸ್ ಲೆಜೆಂಡ್ಸ್ ಎಂಬ ಜನಪ್ರಿಯ ಆಟ ಲಿನಕ್ಸಿನವರಿಗೆ ಬಾಗಿಲು ಮುಚ್ಚಿದ್ದು 2024ರ ಅಕ್ಟೋಬರ್ 31ರಂದು. ಲಿನಕ್ಸಿನ ಮುಕ್ತತೆಯೇ ಮೋಸಗಾರರನ್ನು ಸೆಳೆಯುತ್ತಿದೆ, ಅವರನ್ನು ಪತ್ತೆ ಹಚ್ಚುವುದು ಕಷ್ಟ, ಅಲ್ಲಿ ಆಡುವವರು ಕಡಿಮೆ ಎಂಬುದು ಆಟ ಮಾಡಿದವರ ವಿವರಣೆಯಾಗಿತ್ತು. ಕಡಿಮೆ ಎಂಬ ಮಾತು ಸುಳ್ಳಲ್ಲ. ಸ್ಟೀಮ್ ಎಂಬ ಆಟಗಳ ದೊಡ್ಡ ಅಂಗಡಿಯ ಗಣತಿಯಲ್ಲಿ 2025ರ ಕೊನೆಗೆ ಲಿನಕ್ಸಿನವರು ನೂರಕ್ಕೆ ಸುಮಾರು ಮೂವರು.

ಉಪಾಧ್ಯಾಯಿನಿಯಾದ ನಾನು ಕಾವಲನ್ನು ಹಳಿಯಲಾರೆ. ನಮ್ಮ ಎಸ್ಸೆಸ್ಸೆಲ್ಸಿ ಪರೀಕ್ಷೆಯ ಕೊಠಡಿಗಳಿಗೆ 2024ರಲ್ಲಿ ಕ್ಯಾಮೆರಾ ಇಟ್ಟು ವೆಬ್‌ಕಾಸ್ಟಿಂಗ್ ಮಾಡಿದರು. 2023ರಲ್ಲಿ ಶೇಕಡಾ 83.89 ಇದ್ದ ಫಲಿತಾಂಶ ಆ ವರ್ಷ 73.40ಕ್ಕೆ ಇಳಿಯಿತು, ಅದೂ ಕೃಪಾಂಕ ಹೆಚ್ಚಿಸಿದ ಮೇಲೆ. ನಾವು ಮೇಷ್ಟರುಗಳು ತಲೆ ತಗ್ಗಿಸಬೇಕಾದ ಅಂಕಿ ಇದು. ನಕಲು ಮಾಡುವವನನ್ನು ಬಿಟ್ಟರೆ ನಾವು ಮೋಸ ಮಾಡುವುದು ಓದಿ ಬರೆದ ಮಗುವಿಗೆ. ಆಟಕ್ಕೂ ಇದೇ ಮಾತು ಸಲ್ಲುತ್ತದೆ. ಸರಿಯಾಗಿ ಆಡುವವನಿಗೆ ಸರಿಯಾದ ಆಟ ಸಿಗಲೇಬೇಕು.

ಆದರೆ ಆ ಕ್ಯಾಮೆರಾ ಇದ್ದದ್ದು ಪರೀಕ್ಷಾ ಕೊಠಡಿಯಲ್ಲಿ. ಮಗುವಿನ ಮನೆಯ ಮಾಡಿಗೆ ಯಾರೂ ಕ್ಯಾಮೆರಾ ಕಟ್ಟಲಿಲ್ಲ. ಕಾವಲುಗಾರನ ಕೈತಪ್ಪಿನಿಂದಲೂ ಮನೆ ಕೆಡಬಹುದು. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪೆನಿಯ ಒಂದು ತಪ್ಪು ತಿದ್ದುಪಡಿಯಿಂದ ಜಗತ್ತಿನಲ್ಲಿ ಸುಮಾರು 85 ಲಕ್ಷ ಕಂಪ್ಯೂಟರುಗಳು ಕೆಟ್ಟು ಕೂತವು, ವಿಮಾನಗಳು ಹಾರದೆ ನಿಂತವು. ಅದು ಆಟದ ತಂತ್ರಾಂಶವಲ್ಲ, ನಿಜ. ಆದರೆ ಅದಕ್ಕೂ ತಿರುಳಿನಲ್ಲೇ ಜಾಗ ಕೊಟ್ಟಿದ್ದರು.

ಇಷ್ಟೆಲ್ಲ ಯೋಚಿಸುತ್ತಿದ್ದಾಗ ನನಗೆ ನೆನಪಾದದ್ದು ಯಾವ ಕಂಪೆನಿಯೂ ಅಲ್ಲ, ನನ್ನದೇ ಏಳನೆಯ ತರಗತಿಯ ಒಬ್ಬ ಹುಡುಗಿ.

ಇಪ್ಪತ್ತು ವರ್ಷಕ್ಕೂ ಹಿಂದಿನ ಮಾತು. ಪ್ರವಾಸಕ್ಕೆಂದು ಮಕ್ಕಳಿಂದ ಕೂಡಿಸಿದ ಹಣದಲ್ಲಿ ನೂರು ರೂಪಾಯಿಯ ಒಂದು ನೋಟು ಕಾಣಲಿಲ್ಲ. ನಾನು ಎಲ್ಲರ ಚೀಲ ತೆಗೆಸಿದೆ. ನಲವತ್ತೊಂದು ಮಕ್ಕಳು ತಮ್ಮ ಚೀಲವನ್ನು ಮೇಜಿನ ಮೇಲೆ ಸುರಿದರು. ಒಬ್ಬಳು ಮಾತ್ರ ಚೀಲವನ್ನು ಎದೆಗೆ ಅವುಚಿಕೊಂಡು ಎದ್ದು ನಿಂತಳು. "ನಾನು ತಗೊಂಡಿಲ್ಲ ಟೀಚರ್. ಚೀಲ ತೋರಿಸಲ್ಲ." ಓದಿನಲ್ಲಿ ಜಾಣೆ, ಎಂದೂ ಎದುರು ಮಾತಾಡಿದವಳಲ್ಲ. "ಮುಚ್ಚಿಡುವುದು ಏನೂ ಇಲ್ಲದಿದ್ದರೆ ಹೆದರಿಕೆ ಯಾಕೆ?" ಎಂದು ಎಲ್ಲರ ಎದುರಿಗೆ ಕೇಳಿದೆ. ಆಮೇಲೆ ಅದೇ ಗಾದೆಯನ್ನೂ ಹೇಳಿದೆ. ತರಗತಿ ನಕ್ಕಿತು. ಅವಳು ಚೀಲ ಬಿಚ್ಚಲಿಲ್ಲ. ನಾನು ಕಿತ್ತುಕೊಳ್ಳಲಿಲ್ಲ, ಅಷ್ಟು ಮರ್ಯಾದೆ ಉಳಿಸಿಕೊಂಡೆ. "ಹಾಗಾದರೆ ಪ್ರವಾಸಕ್ಕೆ ನೀನು ಬರುವ ಹಾಗಿಲ್ಲ" ಎಂದೆ.

ನೋಟು ಸಿಕ್ಕಿದ್ದು ನಾಲ್ಕನೆಯ ದಿನ, ಹಾಜರಿ ಪುಸ್ತಕದ ರಟ್ಟಿಗೆ ಹಾಕಿದ ಹೊದಿಕೆಯೊಳಗೆ. ಅಲ್ಲಿಗೆ ಸಿಕ್ಕಿಸಿದವಳು ನಾನೇ. ಮಧ್ಯಾಹ್ನದ ಬಿಡುವಿನಲ್ಲಿ ಅವಳನ್ನು ಬಾಗಿಲ ಮರೆಗೆ ಕರೆದು, "ದುಡ್ಡು ಸಿಕ್ಕಿತಮ್ಮ, ನೀನೂ ಪ್ರವಾಸಕ್ಕೆ ಬಾ" ಎಂದೆ. "ಬೇಡ ಟೀಚರ್" ಎಂದಳು. ಅವಳು ಕೊಟ್ಟಿದ್ದ ಹಣವನ್ನು ವಾಪಸು ಕೊಟ್ಟೆ, ಎಣಿಸಿಕೊಂಡು ಹೋದಳು. ಅನುಮಾನ ಪಟ್ಟದ್ದು ಇಡೀ ತರಗತಿಯ ಎದುರಿಗೆ. ತಪ್ಪು ಒಪ್ಪಿಕೊಂಡದ್ದು ಬಾಗಿಲ ಮರೆಯಲ್ಲಿ, ಅದೂ ಅರ್ಧ.

ಆ ಚೀಲದಲ್ಲಿ ಏನಿತ್ತೆಂದು ನನಗೆ ಇಂದಿಗೂ ಗೊತ್ತಿಲ್ಲ. ಬಹಳ ಕಾಲ ಅದನ್ನು ಊಹಿಸುತ್ತಿದ್ದೆ. ಹರಿದ ಬಟ್ಟೆಯೋ, ಯಾರದೋ ಕಾಗದವೋ, ಆ ವಯಸ್ಸಿನ ಹುಡುಗಿಯರು ಮುಚ್ಚಿಟ್ಟುಕೊಳ್ಳುವ ಮತ್ತೇನೋ. ಈಗ ಊಹಿಸುವುದನ್ನು ಬಿಟ್ಟಿದ್ದೇನೆ. ಏನೋ ಇದ್ದುದರಿಂದಲೇ ಅವಳು ತೋರಿಸಲಿಲ್ಲ ಎಂದು ಊಹಿಸುವುದೂ ನನ್ನ ಹಳೆಯ ಅನುಮಾನದ ಬಾಲವೇ. ಏನೂ ಇಲ್ಲದೆಯೂ ತೋರಿಸದಿರಬಹುದು. ಚೀಲ ಅವಳದು, ಅಷ್ಟೇ.

ಮಗನಿಗೂ ಕಂಪೆನಿಗೂ ನಡುವಿನ ಮಾತು ಇದೇ ಎಂದು ಹೇಳಲಾರೆ. ಹುಡುಗಿ ಶಾಲೆಗೆ ಬರಲೇಬೇಕಿತ್ತು. ಆಟವನ್ನು ಆಡಲೇಬೇಕೆಂದು ಯಾರೂ ಕಟ್ಟಳೆ ಮಾಡಿಲ್ಲ. ನೂರರಲ್ಲಿ ಮೂವರಿಗಾಗಿ ಬೇರೆ ಕಾವಲು ಕಟ್ಟುವ ಖರ್ಚು ಬೇಡವೆಂದು ವ್ಯಾಪಾರಿ ಹೇಳಿದರೆ ಅದು ಅವನ ಹಕ್ಕು. ಅದನ್ನು ಲೆಕ್ಕದ ಮಾತಾಗಿ ಹೇಳಲಿ. ತೋರಿಸಲಾಗದವನನ್ನು ಕದ್ದವನ ಪಕ್ಕದಲ್ಲಿ ನಿಲ್ಲಿಸುವುದು ಬೇಡ. 'ನಿನ್ನನ್ನು ಪರೀಕ್ಷಿಸಲು ನನಗೆ ಆಗುತ್ತಿಲ್ಲ' ಎನ್ನುವುದು ನನ್ನ ಶಕ್ತಿಯ ಮಿತಿಯನ್ನು ಹೇಳುತ್ತದೆ. 'ನಿನ್ನನ್ನು ನಂಬಲಾಗದು' ಎನ್ನುವುದು ನಿನ್ನ ಗುಣದ ಮೇಲೆ ಷರಾ ಬರೆಯುತ್ತದೆ. ಮೊದಲನೆಯದನ್ನು ಎರಡನೆಯದಾಗಿ ಓದುವುದು ಎಷ್ಟು ಸುಲಭವೆಂದು ಆ ಏಳನೆಯ ತರಗತಿಯಲ್ಲಿ ನಾನೇ ತೋರಿಸಿದ್ದೇನೆ.

ಇನ್ನೊಂದು ದಾರಿಯೂ ಇದೆಯಲ್ಲ ಎಂದು ಮಗನನ್ನು ಕೇಳಿದೆ. ಆಟ ನಡೆಯುವುದು ಕಂಪೆನಿಯದೇ ಸರ್ವರಿನಲ್ಲಿ. ಮನುಷ್ಯರ ಕೈಗೆ ಸಾಧ್ಯವಿಲ್ಲದ ವೇಗದಲ್ಲಿ ಗುರಿ ತಿರುಗಿಸಿದವನು ಯಾರು, ಗೋಡೆಯಾಚೆಯವನನ್ನು ಕಂಡಂತೆ ಆಡಿದವನು ಯಾರು ಎಂಬುದು ಆಟದ ದಾಖಲೆಯಲ್ಲೇ ಇರುತ್ತದೆ. ಮನೆ ಶೋಧಿಸುವ ಬದಲು ಉತ್ತರಪತ್ರಿಕೆಯನ್ನು ಓದಿದರೆ ಸಾಲದೆ? ಕೆಲವರು ಹಾಗೂ ಮಾಡುತ್ತಾರೆ, ಆದರೆ ಅದು ನಿಧಾನ, ಜಾಣ ಕಳ್ಳ ತಪ್ಪಿಸಿಕೊಳ್ಳುತ್ತಾನೆ ಎಂದ. ಇರಬಹುದು. ಉತ್ತರಪತ್ರಿಕೆ ತಿದ್ದುವುದೂ ನಿಧಾನದ ಕೆಲಸವೇ. ಆದರೂ ಮಕ್ಕಳನ್ನು ಅಳೆಯಲು ಅದಕ್ಕಿಂತ ಮರ್ಯಾದೆಯ ಹಾದಿ ನನಗೆ ಸಿಕ್ಕಿಲ್ಲ.

ಆ ಆಟಕ್ಕಾಗಿ ಮಗ ಮತ್ತೆ ವಿಂಡೋಸ್ ಹಾಕಲಿಲ್ಲ. ಹಾಕಿದ್ದರೂ ನಾನು ತಪ್ಪೆನ್ನುತ್ತಿರಲಿಲ್ಲ, ಗೆಳೆತನ ಸಣ್ಣದಲ್ಲ. ಒಂದು ವಾರ ಕಳೆದ ಮೇಲೆ ಪುಣೆಯ ಹುಡುಗನೇ ಫೋನು ಮಾಡಿ, ಶನಿವಾರದ ರಾತ್ರಿಯನ್ನು ಕೌಂಟರ್-ಸ್ಟ್ರೈಕ್ 2 ಆಟಕ್ಕೆ ಇಟ್ಟುಕೊಳ್ಳೋಣ ಎಂದನಂತೆ. 2023ರಲ್ಲಿ ಬಂದ ಅದು ಲಿನಕ್ಸಿನಲ್ಲೂ ನಡೆಯುತ್ತದೆ. ಉಳಿದ ದಿನ ಅವರು ಅವರ ಆಟ ಆಡುತ್ತಾರೆ, ಇವನು ಓದುತ್ತಾನೆ. ನಾಲ್ಕು ಜನ ತಮ್ಮ ಇಷ್ಟದ ಆಟವನ್ನು ವಾರಕ್ಕೊಂದು ರಾತ್ರಿ ಬಿಟ್ಟುಕೊಟ್ಟರು. ಯಾವ ಕಾವಲುಗಾರನ ಸಾಕ್ಷಿಯನ್ನೂ ಕೇಳದೆ ಇವನು ತಮ್ಮವನೆಂದು ಒಪ್ಪಿದರು. ಶನಿವಾರದ ಆ ಢಂ ಢಂ ಸದ್ದಿಗೆ ನಾನೀಗ ಬಾಗಿಲು ಹಾಕಿಕೊಳ್ಳುವುದಿಲ್ಲ.

ಗಾದೆ ಇನ್ನೂ ಪಾಠದಲ್ಲಿದೆ, ಹೇಳಿಕೊಡಲೇಬೇಕು. ಹೇಳಿಕೊಟ್ಟ ಮೇಲೆ ಈಗ ಒಂದು ಪ್ರಶ್ನೆ ಕೇಳುತ್ತೇನೆ: "ಹೆಗಲು ಮುಟ್ಟಿಕೊಂಡವನು ಕದ್ದಿರಲೇಬೇಕೇನು?" ಮಕ್ಕಳು ಒಮ್ಮೆಲೇ "ಹೌದು ಟೀಚರ್" ಎನ್ನುತ್ತಾರೆ. ಕಾಯುತ್ತೇನೆ. ಹಿಂದಿನ ಬೆಂಚಿನಿಂದ ಯಾವುದೋ ಒಂದು ಕೈ ನಿಧಾನವಾಗಿ ಮೇಲೇಳುತ್ತದೆ.