ಇಲ್ಲೇ ಹುಟ್ಟಿದವರು

ತಂಜಾವೂರು ಸೀಮೆಯ ಅಣ್ಣತಮ್ಮಂದಿರಿಬ್ಬರು ಹತ್ತೊಂಬತ್ತನೆಯ ಶತಮಾನದಲ್ಲಿ ಕಬ್ಬಿನ ತೋಟದ ಕೂಲಿಗೆ ಕರಾರು ಬರೆದುಕೊಟ್ಟು ಹಡಗು ಹತ್ತಿದರು ಎಂದುಕೊಳ್ಳೋಣ. ಅಣ್ಣ ಬ್ರಿಟಿಷರ ಮದ್ರಾಸಿನಿಂದ ಹೊರಟು ಮಾರಿಷಸ್ಸಿಗೆ ಹೋದ, ತಮ್ಮ ಫ್ರೆಂಚರ ಕಾರೈಕಾಲಿನಿಂದ ಹೊರಟು ರಿಯೂನಿಯನ್ನಿಗೆ ಹೋದ. ಎರಡು ದ್ವೀಪಗಳ ನಡುವೆ ಇರುವುದು ಸುಮಾರು 200 ಕಿಲೋಮೀಟರ್ ಸಮುದ್ರ. ಇಬ್ಬರೂ ಕಬ್ಬು ಕಡಿದರು, ಇಬ್ಬರೂ ಮಾರಿಯಮ್ಮನಿಗೆ ಹರಕೆ ಹೊತ್ತರು. ಮೊಮ್ಮಕ್ಕಳ ಕಾಲಕ್ಕೆ ತಮಿಳು ಸವೆದು, ಫ್ರೆಂಚ್ ಮೂಲದ ದ್ವೀಪದ ಮಾತೇ ಮನೆಮಾತಾಯಿತು. ಇವತ್ತು ತಮ್ಮನ ಮರಿಮಗ ತನ್ನನ್ನು ಕ್ರಿಯೋಲ್ ಎಂದುಕೊಂಡರೆ ರಿಯೂನಿಯನ್ನಿನಲ್ಲಿ ಯಾರೂ ತಿರುಗಿ ನೋಡುವುದಿಲ್ಲ. ಅಣ್ಣನ ಮರಿಮಗ ಮಾರಿಷಸ್ಸಿನಲ್ಲಿ ಅದೇ ಮಾತು ಹೇಳಿದರೆ ಮೊದಲು ಗಾಬರಿಯಾಗುವವರು ಅವನ ಮನೆಯವರೇ. ಅಲ್ಲಿ ಕ್ರಿಯೋಲ್ ಎಂದರೆ ಬೇರೆಯವರು. ಮುಖ್ಯವಾಗಿ ಆಫ್ರಿಕಾದಿಂದ, ಮಡಗಾಸ್ಕರಿನಿಂದ ಗುಲಾಮರಾಗಿ ಬಂದವರ ಸಂತತಿ.

ಮಾರಿಷಸ್ಸಿಗೆ ಬಂದ ಕರಾರು ಕೂಲಿಗಳ ನೆನಪಿಗೆ ನವೆಂಬರ್ 2 ರಜೆ. 1834ರಲ್ಲಿ ಭಾರತದ ತಂಡ ಬಂದಿಳಿದ ದಿನ ಅದು. ಮರುವರ್ಷವೇ ಅಲ್ಲಿ ಗುಲಾಮಗಿರಿ ರದ್ದಾಯಿತು, ಅದರ ನೆನಪಿಗೆ ಫೆಬ್ರುವರಿ 1 ರಜೆ. ಬಿಡುಗಡೆಯಾದವನು ಬಿಟ್ಟುಹೋದ ತೋಟದಲ್ಲೇ ಕರಾರಿನವನು ಕತ್ತಿ ಹಿಡಿದ. ಯುನೆಸ್ಕೋ ಪಟ್ಟಿಯಲ್ಲೂ ಆ ಪುಟ್ಟ ದೇಶಕ್ಕೆ ಎರಡು ತಾಣ: ಕೂಲಿಗಳು ಇಳಿದ ಆಪ್ರವಾಸಿ ಘಾಟ್, ಓಡಿಹೋದ ಗುಲಾಮರು ಅಡಗುತ್ತಿದ್ದ ಲೆ ಮೋರ್ನ್ ಬೆಟ್ಟ. ಎರಡು ನೋವುಗಳು ಅಕ್ಕಪಕ್ಕದಲ್ಲೇ ಇವೆ, ಒಂದರೊಳಗೊಂದು ಬೆರೆತಿಲ್ಲ. ಸಂವಿಧಾನವೇ ಜನರನ್ನು ಹಿಂದೂ, ಮುಸ್ಲಿಂ, ಚೀನೀ ಮೂಲದವರು ಎಂದು ವಿಂಗಡಿಸಿ, ಈ ಮೂರಕ್ಕೂ ಸೇರದವರನ್ನು 'ಸಾಮಾನ್ಯ ಜನತೆ' ಎಂಬ ನಾಲ್ಕನೆಯ ಗುಂಪಿಗೆ ಹಾಕುತ್ತದೆ. ಗುಲಾಮರ ವಂಶಸ್ಥರಿಗೂ, ಒಂದಾನೊಂದು ಕಾಲದಲ್ಲಿ ಅವರ ಒಡೆಯರಾಗಿದ್ದ ಫ್ರೆಂಚ್ ಬಿಳಿಯರ ವಂಶಸ್ಥರಿಗೂ ಅದೊಂದೇ ಗುಂಪು. ಉಳಿಕೆಯ ಲೆಕ್ಕದಲ್ಲಿ ಬರೆದ ಹೆಸರು ಎಂಥ ಹೆಸರು!

ವಿಚಿತ್ರವೆಂದರೆ ಇಷ್ಟೆಲ್ಲ ವಿಂಗಡಣೆಯಾದ ಮೇಲೂ ಮಾತು ಒಂದೇ. ಹಿಂದೂ ಅಂಗಡಿಯವನು ಮುಸ್ಲಿಂ ಗಿರಾಕಿಯೊಡನೆ ಚೌಕಾಸಿ ಮಾಡುವುದು ಕ್ರಿಯೋಲಿನಲ್ಲಿ. ತಾವು ಕ್ರಿಯೋಲರಲ್ಲ ಎಂದು ವಾದಿಸುವವರು ಆ ವಾದವನ್ನು ಮಾಡುವುದೂ ಕ್ರಿಯೋಲಿನಲ್ಲೇ. ನಾಟಕಕಾರ ದೇವ್ ವಿರಾಸಾಮಿ ದಕ್ಷಿಣ ಭಾರತ ಮೂಲದ ಮನೆತನದವರು. ಜೀವಮಾನವಿಡೀ ಈ ಮಾತಿನಲ್ಲೇ ಬರೆದರು, ಶೇಕ್ಸ್‌ಪಿಯರನನ್ನೂ ಅದಕ್ಕೆ ತಂದರು. ಭಾಷೆಯನ್ನು 'ಮೋರಿಸ್ಯೆನ್' ಎಂದು ಕರೆಯಬೇಕೆಂಬುದು ಅವರ ಹಟ. ಎಲ್ಲರೂ ಆಡುವ ಮಾತಿಗೆ ಒಂದು ಸಮುದಾಯದ ಹೆಸರು ಅಂಟಿಕೊಂಡಿದ್ದರೆ ಮಿಕ್ಕವರು ಅದನ್ನು ಆಡುತ್ತಲೇ ದೂರ ಇಡುತ್ತಾರೆ. ಅವರ ಹಟದ ಹಿಂದಿನ ತರ್ಕ ನನಗೆ ಅರ್ಥವಾಗುತ್ತದೆ.

ಹಾಗೆಂದು ರಿಯೂನಿಯನ್ನನ್ನು ಹೊಗಳಿ ಮುಗಿಸುವಂತೆಯೂ ಇಲ್ಲ. ಅಲ್ಲಿ ತಮಿಳು ಮೂಲದ 'ಮಲ್ಬಾರ್', ಆಫ್ರಿಕಾ ಮೂಲದ 'ಕಾಫ್', ಗುಜರಾತಿ ಮುಸ್ಲಿಮರಾದ 'ಜರಾಬ್', ಗುಡ್ಡಗಾಡಿನ ಬಡ ಬಿಳಿಯರಾದ 'ಯಾಬ್' ಎಲ್ಲರೂ ಕ್ರಿಯೋಲರೇ. (ತಂಜಾವೂರಿನವನಿಗೆ ಮಲಬಾರಿನ ಹೆಸರು ಹೇಗೆ ಬಂತೆಂದು ಕೇಳಬೇಡಿ. ನಾವು ವಿಂಧ್ಯದಾಚೆಯವರನ್ನೆಲ್ಲ ಸಾರಾಸಗಟಾಗಿ ಉತ್ತರದವರು ಎನ್ನುವುದಿಲ್ಲವೇ?) ಕ್ರಿಯೋಲರಲ್ಲದವರು ಫ್ರಾನ್ಸಿನಿಂದ ಈಚೆಗೆ ಬಂದ ಬಿಳಿಯರು, ಅವರಿಗೆ 'ಜೋರೆಯ್' ಎಂಬ ಬೇರೆಯೇ ಹೆಸರು. ಬಾಗಿಲು ದೊಡ್ಡದು, ನಿಜ. ಆದರೆ ಈಚಿನ ವರ್ಷಗಳಲ್ಲಿ ಕೊಮೊರೊ ದ್ವೀಪಗಳಿಂದ, ಮಾಯೋಟ್‌ನಿಂದ ಬಂದ ಕಪ್ಪು ಜನರಿಗೆ ಅದೇ ರಿಯೂನಿಯನ್ನಿನಲ್ಲಿ ಸಿಗುವ ಮುಖ ಬೇರೆ. ಬಾಡಿಗೆ ಮನೆ ಹುಡುಕುವಾಗ, ಕೆಲಸ ಕೇಳುವಾಗ ಅವರು ಅದನ್ನು ಕಂಡಿದ್ದಾರೆ. ಬಾಗಿಲು ಎಷ್ಟೇ ಅಗಲವಾದರೂ ಹೊಸ್ತಿಲ ಆಚೆ ಯಾರನ್ನಾದರೂ ನಿಲ್ಲಿಸಿಯೇ ಇರುತ್ತದೆ.

ಕ್ರಿಯೋಲ್ ಎಂಬ ಪದ ನಮಗೆ ಇಂಗ್ಲಿಷ್, ಫ್ರೆಂಚುಗಳ ಮೂಲಕ ಬಂದದ್ದು. ಅದರ ಹಿಂದೆ ಸ್ಪ್ಯಾನಿಷಿನ ಕ್ರಿಯೋಯೊ, ಇನ್ನೂ ಹಿಂದೆ ಪೋರ್ಚುಗೀಸ್. ಧಾತುವಿಗೆ ಸಾಕು, ಬೆಳೆಸು ಎಂಬ ಅರ್ಥ. ಅದರ ಬಗ್ಗೆ ಬರೆದ ಹಳಬರಲ್ಲಿ ಇಂಕಾ ಗಾರ್ಸಿಲಾಸೊ ದೆ ಲಾ ವೇಗ ಒಬ್ಬ. 1539ರಲ್ಲಿ ಪೆರುವಿನ ಕುಸ್ಕೋದಲ್ಲಿ ಹುಟ್ಟಿದವನು, ತಂದೆ ಸ್ಪೇನಿನ ದಂಡಾಳು, ತಾಯಿ ಇಂಕಾ ರಾಜಮನೆತನದವಳು. ಮುಪ್ಪಿನಲ್ಲಿ ಸ್ಪೇನಿನ ಕೋರ್ದೊಬಾದಲ್ಲಿ ಕೂತು ಬರೆದ, 1609ರಲ್ಲಿ ಅಚ್ಚಾದ ಪುಸ್ತಕದಲ್ಲಿ ಅವನು ಹೇಳುವ ಪ್ರಕಾರ ಈ ಹೆಸರನ್ನು ಹುಟ್ಟಿಸಿದವರು ಕಪ್ಪು ಗುಲಾಮರು. ಗಿನಿಯಲ್ಲಿ ಹುಟ್ಟಿ ಹಡಗಿನಲ್ಲಿ ಬಂದವರು ತಮ್ಮನ್ನು ಮೇಲೆಂದುಕೊಂಡರಂತೆ, ಏಕೆಂದರೆ ಅವರು ಹುಟ್ಟಿದ್ದು ಸ್ವಂತ ನೆಲದಲ್ಲಿ. ಪರನೆಲದಲ್ಲಿ ಹುಟ್ಟಿದ ತಮ್ಮ ಮಕ್ಕಳೇ ಕ್ರಿಯೋಯೊಗಳು. ಆ ಹೆಸರಿನಿಂದ ತಮ್ಮನ್ನು ಕರೆದರೆ ತಂದೆತಾಯಿಗಳಿಗೆ ಸಿಟ್ಟು ಬರುತ್ತಿತ್ತಂತೆ. ಸರಪಳಿಯಲ್ಲಿ ಬಂದವರಿಗೂ ತಮ್ಮ ಊರಿನ ಅಭಿಮಾನ ಉಳಿದಿತ್ತು, ಅದನ್ನು ತೋರಿಸಲು ಸಿಕ್ಕ ಏಕೈಕ ದಾರಿ ಸ್ವಂತ ಮಕ್ಕಳನ್ನು ಒಂದು ಮೆಟ್ಟಿಲು ಕೆಳಗಿಡುವುದು. ಇದನ್ನು ಓದಿದಾಗ ಸಂಕಟವಾಗುತ್ತದೆ, ನಗುವೂ ಬರುತ್ತದೆ.

ಇನ್ನೂರು ವರ್ಷ ಕಳೆಯುವಷ್ಟರಲ್ಲಿ ಮೆಟ್ಟಿಲು ತಲೆಕೆಳಗಾಯಿತು. ಹೈಟಿಯಲ್ಲಿ, ಆಗಿನ ಸಾಂ ದೊಮಿಂಗ್ ವಸಾಹತಿನಲ್ಲಿ, ದ್ವೀಪದಲ್ಲೇ ಹುಟ್ಟಿದ ಕ್ರಿಯೋಲ್ ಗುಲಾಮ ಮೇಲಿನವನು; ಆಫ್ರಿಕಾದಿಂದ ಹೊಸದಾಗಿ ಬಂದವನು 'ಬೊಸಾಲ್', ಪಳಗದವನು. 1791ರ ದಂಗೆ ಶುರುವಾದಾಗ ಗುಲಾಮರಲ್ಲಿ ಹೆಚ್ಚಿನವರು ಆಫ್ರಿಕಾದಲ್ಲೇ ಹುಟ್ಟಿದವರು. ನಾಯಕತ್ವದ ಹೆಸರುಗಳು ಮಾತ್ರ ಬಹುಮಟ್ಟಿಗೆ ಕ್ರಿಯೋಲರವು. ಸಾನ್ ಸೂಸಿ ಎಂಬ ಕಾಂಗೋ ಮೂಲದ ಸೇನಾನಿ ಫ್ರೆಂಚರ ವಿರುದ್ಧ ಬಿಡದೆ ಹೋರಾಡಿದ. ಅವನನ್ನು ಕೊನೆಗೆ ಕೊಂದದ್ದು ದಂಗೆಯ ಇನ್ನೊಬ್ಬ ನಾಯಕ ಕ್ರಿಸ್ತೋಫನ ಕಡೆಯವರೇ. ಮುಂದೆ ಕ್ರಿಸ್ತೋಫ್ ದೊರೆಯಾದ, ಅರಮನೆ ಕಟ್ಟಿಸಿದ. ಅದರ ಹೆಸರು ಸಾನ್ ಸೂಸಿ. ಆ ಹೆಸರಿನಲ್ಲಿ ಸತ್ತವನ ನೆನಪಿದೆಯೋ ಸತ್ತವನನ್ನು ಅಳಿಸುವ ಹುನ್ನಾರವಿದೆಯೋ ಎಂದು ಇತಿಹಾಸಕಾರರು ಚರ್ಚಿಸುತ್ತಾರೆ.

ಸ್ಪ್ಯಾನಿಷ್ ಅಮೆರಿಕದ ಬಿಳಿಯರು ಇದೇ ಹೆಸರನ್ನು ಎತ್ತಿಕೊಂಡದ್ದು ಬೇರೆ ಹಸಿವಿಗೆ. ಮೇಲಿನ ಹುದ್ದೆಗಳು ಸ್ಪೇನಿನಲ್ಲಿ ಹುಟ್ಟಿದವರ ಪಾಲಾಗುತ್ತಿದ್ದವು. ಅವರದೇ ರಕ್ತ, ಆದರೆ ಕರಾಕಸ್ಸಿನಲ್ಲೋ ಲಿಮಾದಲ್ಲೋ ಹುಟ್ಟಿದವರು ಕೈಕಟ್ಟಿ ನಿಲ್ಲಬೇಕು. ಸ್ವಾತಂತ್ರ್ಯ ಹೋರಾಟದ ನಾಯಕ ಸಿಮೋನ್ ಬೊಲಿವಾರ್ ಅಂಥ ಶ್ರೀಮಂತ ಮನೆಯವನು, ಮನೆಯಲ್ಲಿ ಗುಲಾಮರಿದ್ದರು. 1815ರಲ್ಲಿ ಜಮೈಕಾದಿಂದ ಬರೆದ ಹೆಸರಾದ ಪತ್ರದಲ್ಲಿ ಅವನು ತನ್ನವರನ್ನು ನೆಲದ ನಿಜವಾದ ಒಡೆಯರಿಗೂ ಅದನ್ನು ಕಿತ್ತುಕೊಂಡ ಸ್ಪೇನಿನವರಿಗೂ ನಡುವಿನ ಜಾತಿ ಎಂದು ವರ್ಣಿಸುತ್ತಾನೆ. ಅಷ್ಟು ಪ್ರಾಮಾಣಿಕತೆ ಎಲ್ಲರಿಗೂ ಬರುವುದಿಲ್ಲ. ಆದರೂ ಸ್ವಾತಂತ್ರ್ಯ ಬಂದ ಮೇಲೆ ಆ ನಿಜವಾದ ಒಡೆಯರ ಸ್ಥಿತಿ ಏನೂ ಸುಧಾರಿಸಲಿಲ್ಲ. ಸಾವಿರಾರು ವರ್ಷ ಅಲ್ಲೇ ಬಾಳಿದ ಮೂಲನಿವಾಸಿಗಳನ್ನು ಯಾರೂ ಕ್ರಿಯೋಯೊ ಎನ್ನಲಿಲ್ಲ. ಇಲ್ಲೇ ಹುಟ್ಟಿದವನು ಎಂದು ಸಾರಿಕೊಳ್ಳುವ ಅಗತ್ಯ ಬೀಳುವುದು ಅಜ್ಜ ಎಲ್ಲಿಂದಲೋ ಬಂದವನಾಗಿದ್ದಾಗ ಮಾತ್ರ ತಾನೇ.

ಅರ್ಜೆಂಟೀನಾದಲ್ಲಿ ಇಟಲಿಯವರು ಹಡಗು ಹಡಗು ಬಂದಿಳಿದಾಗ ಕ್ರಿಯೋಯೊ ಎಂದರೆ ಕುದುರೆ ಸವಾರಿ ಬಲ್ಲ ಹಳೆಯ ಬಯಲುಸೀಮೆಯವನಾದ. ಪೆರುವಿನಲ್ಲಿ ಅದು ಕರಾವಳಿಯ ಹಾಡು, ಗಿಟಾರು, ಅಡುಗೆ. ಜೊತೆಗೆ ಕಣ್ಣಿಗೆ ಮಣ್ಣೆರಚುವ ಚಾಲಾಕಿತನ ಕೂಡ. ಟ್ರಿನಿಡಾಡಿನಲ್ಲಿ ಕ್ರಿಯೋಲ್ ಎಂದರೆ ಆಫ್ರಿಕಾ ಮೂಲದವರು, 'ಫ್ರೆಂಚ್ ಕ್ರಿಯೋಲ್' ಎಂದರೆ ಬಿಳಿಯರು, 1845ರಿಂದ ಬಂದ ಭಾರತೀಯರ ಸಂತತಿ ಎರಡಕ್ಕೂ ಹೊರಗೆ.

ಅಮೆರಿಕದ ಲೂಸಿಯಾನದ ಕಥೆ ಇವೆಲ್ಲಕ್ಕಿಂತ ಕಹಿ. 1803ರಲ್ಲಿ ಫ್ರಾನ್ಸ್ ಆ ಸೀಮೆಯನ್ನು ಅಮೆರಿಕಕ್ಕೆ ಮಾರಿತು. ಇಂಗ್ಲಿಷ್ ಮಾತಾಡುವ ಹೊಸಬರು ನುಗ್ಗಿದಾಗ ನ್ಯೂ ಆರ್ಲಿಯನ್ಸಿನ ಹಳಬರು ಬಿಳಿಯರಾಗಲಿ ಕಪ್ಪಾಗಲಿ ನಡುವಿನವರಾಗಲಿ ತಮ್ಮನ್ನು ಕ್ರಿಯೋಲ್ ಎಂದುಕೊಂಡರು. ಅಂತರ್ಯುದ್ಧ ಮುಗಿದು ಗುಲಾಮಗಿರಿ ಹೋದ ಮೇಲೆ ಬಿಳಿ ಕ್ರಿಯೋಲರಿಗೆ ದಿಗಿಲು ಹತ್ತಿತು: ಹೆಸರು ಒಂದೇ ಆದರೆ ನಮ್ಮ ರಕ್ತದ ಮೇಲೂ ಅನುಮಾನ ಬರುವುದಿಲ್ಲವೇ? ಇತಿಹಾಸಕಾರ ಚಾರ್ಲ್ಸ್ ಗಯಾರೆ 1885ರಲ್ಲಿ ಇದಕ್ಕೆಂದೇ ಉಪನ್ಯಾಸ ಕೊಟ್ಟ. ಕ್ರಿಯೋಲ್ ಎಂದರೆ ಅಪ್ಪಟ ಬಿಳಿಯ ಎಂದು ಸಾಧಿಸುವುದು ಅವನ ಉದ್ದೇಶ. ಅದೇ ಊರಿನ ಹೋಮರ್ ಪ್ಲೆಸ್ಸಿ ಎಂಬ ಚಪ್ಪಲಿ ಹೊಲಿಯುವವ ಎಂಟರಲ್ಲಿ ಏಳು ಪಾಲು ಬಿಳಿಯ, ಒಂದು ಪಾಲು ಕಪ್ಪು. ರೈಲಿನಲ್ಲಿ ಬಣ್ಣ ನೋಡಿ ಬೋಗಿ ಬೇರೆ ಮಾಡುವ ಕಾನೂನನ್ನು ಪ್ರಶ್ನಿಸಲೆಂದೇ 1892ರ ಜೂನ್ 7ರಂದು ಅವನು ಮೊದಲ ದರ್ಜೆಯ ಟಿಕೆಟ್ ಕೊಂಡು ಬಿಳಿಯರ ಬೋಗಿಯಲ್ಲಿ ಕೂತ. ಸುಮ್ಮನಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ, ಅಷ್ಟು ಬೆಳ್ಳಗಿದ್ದ. ಕಂಡಕ್ಟರ್ ಕೇಳಿದಾಗ ತಾನು ಬಿಳಿಯನಲ್ಲ ಎಂದು ಹೇಳಿ, ಬೋಗಿ ಬಿಡಲು ಒಪ್ಪದೆ ಬಂಧನಕ್ಕೆ ಒಳಗಾದ. ಬಂಧಿಸಲು ಬಂದ ಪತ್ತೇದಾರನನ್ನೂ ಗೊತ್ತುಮಾಡಿದ್ದು ಪ್ಲೆಸ್ಸಿಯ ಕಡೆಯ ಕ್ರಿಯೋಲರ ಸಮಿತಿಯೇ, ಬೇರೆ ಕೇಸು ಹಾಕಿ ವಿಷಯ ತೇಲಿಸಬಾರದು ಎಂದು. 1896ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಅವರು ಸೋತರು. 'ಬೇರೆ ಬೇರೆ, ಆದರೆ ಸಮಾನ' ಎಂಬ ತತ್ವ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ನೆಲದ ಕಾನೂನಾಗಿ ನಿಂತಿತು. ರಾಜ್ಯಪಾಲರು ಪ್ಲೆಸ್ಸಿಗೆ ಕ್ಷಮಾದಾನ ಕೊಟ್ಟದ್ದು 2022ರಲ್ಲಿ, ಅವನು ಸತ್ತು ತೊಂಬತ್ತಕ್ಕೂ ಹೆಚ್ಚು ವರ್ಷವಾದ ಮೇಲೆ. ಕ್ಷಮಿಸಬೇಕಾದವರು ಯಾರು ಎಂದು ಕೇಳುವ ಆಸೆಯಾಗುತ್ತದೆ.

ಕಾಳು, ಕೋಳಿ, ದನಗಳ ವಿಷಯಕ್ಕೆ ಬಂದರೆ ಈ ಪದ ಸ್ವಲ್ಪ ಮೆದುವಾಗುತ್ತದೆ. ಮೆಕ್ಸಿಕೊದ ರೈತ ಮನೆಯಲ್ಲೇ ಉಳಿಸಿಕೊಂಡ ಮೆಕ್ಕೆಜೋಳದ ಬೀಜ ಕ್ರಿಯೋಯೊ, ಹಿತ್ತಲಲ್ಲಿ ಮೇಯುವ ಕೋಳಿ ಕ್ರಿಯೋಯೊ. ನಮ್ಮ ಹಳೇ ಮೈಸೂರಿನ ನಾಟಿ, ಧಾರವಾಡದ ಕಡೆಯ ಜವಾರಿ ಮಾಡುವ ಕೆಲಸ ಅಲ್ಲಿ ಇದರದು. ಕ್ರಿಯೋಯೊ ದನಗಳ ಪೂರ್ವಜರು ಕೊಲಂಬಸ್‌ನ ಕಾಲದ ಹಡಗುಗಳಲ್ಲಿ ಸ್ಪೇನಿನಿಂದ ಬಂದವು ಎನ್ನುವುದು ಈಗ ಯಾರಿಗೂ ಅಡ್ಡಿಯಾಗಿಲ್ಲ. ನಾವೇನು ಕಮ್ಮಿ? ಟೊಮೆಟೊ, ಮೆಣಸಿನಕಾಯಿ ಎರಡೂ ಅಮೆರಿಕದಿಂದ ಬಂದವು. ಹುಳಿ ಚೆನ್ನಾಗಿದೆ ಎಂದು ನಾಟಿ ಟೊಮೆಟೊವನ್ನೇ ಆರಿಸಿ ಬುಟ್ಟಿಗೆ ಹಾಕುತ್ತೇವೆ, ಬ್ಯಾಡಗಿ ಮೆಣಸಿನಕಾಯಿ ನಮ್ಮದೆಂದು ಎದೆಯುಬ್ಬಿಸುತ್ತೇವೆ. ಗಿಡಕ್ಕೆ ಮುನ್ನೂರು ನಾನೂರು ವರ್ಷ ಧಾರಾಳ ಸಾಕು. ಅದೇ ಹೊಸದಾಗಿ ಪರಿಚಯವಾದವರನ್ನು ಮಾತ್ರ, ಅವರು ಇದೇ ಬೀದಿಯಲ್ಲಿ ಹುಟ್ಟಿ ಬೆಳೆದಿದ್ದರೂ, 'ಮೂಲತಃ ಯಾವ ಊರಾಯ್ತು?' ಎಂದು ಕೇಳದೆ ನಮಗೆ ಸಮಾಧಾನವಿಲ್ಲ. ಅಕ್ಕರೆಯಿಂದಲೂ ಕೇಳುತ್ತೇವೆ, ಲೆಕ್ಕ ಹಾಕಲೂ ಕೇಳುತ್ತೇವೆ. ಎರಡಕ್ಕೂ ದನಿ ಒಂದೇ ಆಗಿರುವುದರಿಂದ ಕೇಳಿಸಿಕೊಂಡವನಿಗೆ ಯಾವುದೆಂದು ತಿಳಿಯುವುದಿಲ್ಲ.

ಪುತ್ತೂರು ಕಡೆಯ ಅಡಿಕೆ ತೋಟಗಳಲ್ಲಿ ಕೋಕೋ ಬೆಳೆಯುತ್ತಾರಲ್ಲ, ಅದರ ಕಾಯಿ ಒಡೆದು ಬಿಳಿ ಲೋಳೆ ತೆಗೆದು ಬೀಜವನ್ನು ಸೀಳಿದರೆ ಒಳಗೆ ನೇರಳೆ ಬಣ್ಣ. ಅದು 'ಫೊರಾಸ್ತೆರೊ' ಜಾತಿ. ಆ ಸ್ಪ್ಯಾನಿಷ್ ಪದಕ್ಕೆ ಹೊರಗಿನವನು ಎಂದರ್ಥ. ಒಳಗೆ ಬೆಳ್ಳಗಿರುವ, ರುಚಿಗೆ ಹೆಸರಾದ, ರೋಗಕ್ಕೆ ಬೇಗ ಬಲಿಯಾಗುವ ಜಾತಿ 'ಕ್ರಿಯೋಯೊ'. ವೆನೆಜುವೆಲಾದ ಬೆಳೆಗಾರರು ತಮ್ಮ ಹಳೆಯ ಗಿಡಕ್ಕೆ ಇಲ್ಲಿಯದೆಂದೂ ಆಮೇಲೆ ಬಂದ ಗಟ್ಟಿ ಗಿಡಕ್ಕೆ ಹೊರಗಿನದೆಂದೂ ಹೆಸರಿಟ್ಟರು. ವಂಶವಾಹಿ ಪರೀಕ್ಷಿಸಿದ ವಿಜ್ಞಾನಿಗಳು ಹೇಳುವುದು ಬೇರೆ: ಕೋಕೋದ ತವರು ಅಮೆಜಾನಿನ ಮೇಲ್ದಂಡೆ, ಕ್ರಿಯೋಯೊ ಕೂಡ ಅಲ್ಲಿಂದಲೇ ಬಂದದ್ದು. ಹೊರಗಿನದೆನಿಸಿಕೊಂಡದ್ದು ತವರಿನಲ್ಲೇ ಉಳಿದ ಬಳಗ.

ಇದೇ ತಿರುವುಮುರುವನ್ನು ಮನುಷ್ಯರಲ್ಲಿ ನೋಡಬೇಕಾದರೆ ಪಶ್ಚಿಮ ಆಫ್ರಿಕಾದ ಸಿಯೆರಾ ಲಿಯೋನಿಗೆ ಹೋಗಬೇಕು. 1792ರಲ್ಲಿ ಫ್ರೀಟೌನ್ ಕಟ್ಟಿದವರು ಅಮೆರಿಕದ ಗುಲಾಮಗಿರಿಯಿಂದ ಬಿಡಿಸಿಕೊಂಡು ನೋವಾ ಸ್ಕೋಷಿಯಾ ದಾಟಿ ಬಂದ ಕಪ್ಪು ಜನರು. 1800ರಲ್ಲಿ ಜಮೈಕಾದ ಮರೂನರು, ಎಂದರೆ ಓಡಿಹೋಗಿ ಬೆಟ್ಟ ಸೇರಿದ್ದ ಗುಲಾಮರ ವಂಶದವರು, ಬಂದು ಸೇರಿಕೊಂಡರು. ಬ್ರಿಟನ್ ಗುಲಾಮರ ವ್ಯಾಪಾರವನ್ನು ನಿಷೇಧಿಸಿದ 1807ರ ನಂತರ ಬ್ರಿಟಿಷ್ ನೌಕಾಪಡೆ ಗುಲಾಮರ ಹಡಗುಗಳನ್ನು ಹಿಡಿದಾಗ ಅವುಗಳೊಳಗಿದ್ದವರನ್ನೂ ತಂದು ಅಲ್ಲೇ ಇಳಿಸಿತು. ಹಾಗೆ 1822ರಲ್ಲಿ ಇಳಿದ ಯೊರುಬಾ ಹುಡುಗ ಸ್ಯಾಮ್ಯುಯೆಲ್ ಅಜಾಯಿ ಕ್ರೌಥರ್, 1864ರಲ್ಲಿ ಆಂಗ್ಲಿಕನ್ ಚರ್ಚಿನ ಮೊದಲ ಆಫ್ರಿಕನ್ ಬಿಷಪ್ ಆದ. ಇಂಥವರ ವಸಾಹತಿನಲ್ಲಿ ಹುಟ್ಟಿದ ಮಕ್ಕಳಿಗೆ ಕ್ರಿಯೋಲ್ ಎಂಬ ಹೆಸರು ಬಂತು, ಈಗ ಕ್ರಿಯೋ ಎನ್ನುತ್ತಾರೆ. ಆಫ್ರಿಕಾದಿಂದ ಕಿತ್ತೊಯ್ದವರ ಮಕ್ಕಳು ಆಫ್ರಿಕಾಕ್ಕೇ ಮರಳಿ ಬಂದರು, ಅಲ್ಲಿ ಓದಿದರು, ವಕೀಲರಾದರು, ಉದ್ದ ಕೋಟು ತೊಟ್ಟು ಒಳನಾಡಿನವರನ್ನು ಕೊಂಚ ಕೀಳಾಗಿಯೂ ಕಂಡರು. 1927ರ ವಸಾಹತು ಭೂ ಕಾನೂನು ಒಳನಾಡಿನ ಪ್ರಾಂತ್ಯಗಳಲ್ಲಿ ಅವರನ್ನು ಸ್ಥಳೀಯರಲ್ಲದವರ ಲೆಕ್ಕಕ್ಕೆ ಸೇರಿಸಿತು. ಅಲ್ಲಿ ಅವರು ಜಮೀನಿನ ಒಡೆಯರಾಗುವಂತಿರಲಿಲ್ಲ. ದೇಶ ಸ್ವತಂತ್ರವಾದ ಮೇಲೂ ಆ ಕಾನೂನು ದಶಕಗಟ್ಟಲೆ ಉಳಿಯಿತು. ಅವರ ಮಾತು ಮಾತ್ರ ಗಡಿ ದಾಟಿ ದೇಶವಿಡೀ ಹಬ್ಬಿದೆ. ಒಳನಾಡಿನ ಮೆಂಡೆ, ತೆಮ್ನೆ ಜನರು ಒಬ್ಬರಿಗೊಬ್ಬರು ಮೀನು ಮಾರುವುದು, ಬಸ್ಸಿನ ಸೀಟಿಗೆ ಜಗಳವಾಡುವುದು ಈಗ ಕ್ರಿಯೋದಲ್ಲಿ.