ಶಿವಶಕ್ತಿಗೆ ಮಾನದಂಡವುಂಟೆ?

ಅಳೆದು ತೂಗಿ ನೋಡುವ ಬುದ್ಧಿಯು ಮಾನವನಿಗೆ ದೊರೆತ ದೊಡ್ಡ ವರವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಸತ್ಯವಾದುದನ್ನೆಲ್ಲ ಯಂತ್ರದಿಂದ ಅಳೆದೇ ತೀರಬೇಕೆಂಬ ಹಟವೂ ಅದರ ಬೆನ್ನಿಗೇ ಹುಟ್ಟಿಕೊಂಡಿರುವುದು ವಿಚಾರಣೀಯವಾಗಿದೆ.

ಬೆಂಗಳೂರಿನ ಮಹಾಲಕ್ಷ್ಮಿ ಲೇಔಟ್‌ನಲ್ಲಿ ವಾಸವಾಗಿರುವ ಸದ್ಭಕ್ತರೊಬ್ಬರ ಮನೆಗೆ ವಾಸ್ತು ನೋಡಲೆಂದು ಬಂದವನು, ಕೈಯಲ್ಲೊಂದು ಸಲಕರಣೆಯನ್ನು ಹಿಡಿದು, ಪೂಜಾಗೃಹದ ದೈವೀಶಕ್ತಿ ಇಷ್ಟು, ಕಾಲಪ್ರವಾಹ ಇಷ್ಟು ಎಂದು ಅಂಕೆಗಳನ್ನು ಹೇಳಿದನಂತೆ. ಅಷ್ಟಕ್ಕೇ ನಿಲ್ಲದೆ, ಕೊರಳಲ್ಲಿರುವ ಇಷ್ಟಲಿಂಗದಲ್ಲಿ ಶಕ್ತಿ ಉಡುಗಿದೆ, ಬೇರೆಯದನ್ನು ಧರಿಸಿರಿ ಎಂದನಂತೆ. ಗುರುವು ಕರುಣಿಸಿದ ಲಿಂಗವನ್ನು ಬಿಡಬಹುದೆ ಎಂಬುದು ಆ ಭಕ್ತರ ಪ್ರಶ್ನೆ. ನಗೆಯಾಡಿ ಕಳೆಯಬಹುದಾದ ಮಾತಲ್ಲ ಇದು. ಅವರು ನಿಜವಾಗಿಯೂ ಕಳವಳಗೊಂಡಿದ್ದರು.

ಇಂತಹ ಶೋಧನೆಗೆ ಪ್ರಾಮಾಣಿಕರೂ ತೊಡಗಿದ್ದುಂಟು. ಜರ್ಮನಿಯ ಹಾನ್ಸ್ ಬರ್ಗರ್ ಎಂಬ ವೈದ್ಯರು ತಾರುಣ್ಯದಲ್ಲಿ ಸೇನೆಯಲ್ಲಿದ್ದಾಗ ಕುದುರೆಯಿಂದ ಬಿದ್ದು ಪ್ರಾಣಾಪಾಯದಿಂದ ಪಾರಾದರು. ದೂರದಲ್ಲಿದ್ದ ಸೋದರಿಗೆ ಅಂದೇ ಏನೋ ಕೇಡಾಯಿತೆಂದು ಮನಸ್ಸಿಗೆ ತೋರಿ, ತಂದೆಯಿಂದ ತಂತಿ ಬಂತು. ಮನಸ್ಸಿನಿಂದ ಮನಸ್ಸಿಗೆ ಹರಿಯುವ ಶಕ್ತಿಯೊಂದಿರಬೇಕೆಂದು ಅವರು ದಶಕಗಳ ಕಾಲ ಹುಡುಕಿದರು. 1924ರಲ್ಲಿ ಮಾನವನ ಮೆದುಳಿನ ವಿದ್ಯುತ್ತನ್ನು ಮೊದಲ ಬಾರಿಗೆ ದಾಖಲಿಸಿ, 1929ರಲ್ಲಿ ಪ್ರಕಟಿಸಿದರು. ಇಂದು ಆಸ್ಪತ್ರೆಗಳಲ್ಲಿ ಮೂರ್ಛೆರೋಗದ ಪರೀಕ್ಷೆಗೆ ಬಳಸುವ ಇ.ಇ.ಜಿ. ಯಂತ್ರವು ಹೀಗೆ ಹುಟ್ಟಿತು. ಹುಡುಕಿದ್ದು ಆತ್ಮಗಳ ಬಾಂಧವ್ಯವನ್ನು. ದೊರೆತದ್ದು ವೋಲ್ಟಿನ ಲಕ್ಷಾಂಶಗಳ ಲೆಕ್ಕದ ಸೂಕ್ಷ್ಮ ವಿದ್ಯುತ್ತು. ಲೋಕಕ್ಕೆ ಉಪಕಾರವಾಯಿತೆಂಬುದನ್ನು ಒಪ್ಪಲೇಬೇಕು. ಆದರೆ ಹುಡುಕಿದ ವಸ್ತುವು ಕಾಗದದ ಮೇಲೆ ಮೂಡಲಿಲ್ಲ.

1939ರಲ್ಲಿ ರಷ್ಯಾದೇಶದ ಕಿರ್ಲಿಯನ್ ಎಂಬವರು ಬೆರಳ ಸುತ್ತಲಿನ ಪ್ರಭೆಯ ಚಿತ್ರವನ್ನು ತೆಗೆದರು. ಅದನ್ನೇ ತೇಜೋವಲಯವೆಂದು ಇಂದಿಗೂ ಹಣ ಪಡೆದು ತೋರಿಸುವವರಿದ್ದಾರೆ. ಅಂತಹ ಪ್ರಭೆಯು ನಾಣ್ಯದ ಸುತ್ತಲೂ ಬೀಳುತ್ತದೆ! ಬೆರಳ ಚಿತ್ರದಲ್ಲಿ ಕಾಣುವ ವ್ಯತ್ಯಾಸಗಳಿಗೆ ಬೆವರಿನ ತೇವವೇ ಮುಖ್ಯ ಕಾರಣವೆಂದು 1976ರಲ್ಲಿ ವಿಜ್ಞಾನಿಗಳು ತೋರಿಸಿದರು.

ಇನ್ನು ಕಾಲಪ್ರವಾಹದ ಮಾತು. ನಮ್ಮ ಹಿರಿಯರು ತಳದಲ್ಲಿ ರಂಧ್ರವಿರುವ ಗಳಿಗೆಬಟ್ಟಲನ್ನು ನೀರಿನ ಮೇಲೆ ತೇಲಬಿಡುತ್ತಿದ್ದರು. ಅದು ಮುಳುಗಿದರೆ ಒಂದು ಗಳಿಗೆ, ಅಂದರೆ 24 ನಿಮಿಷ. ಅಂತಹ 60 ಗಳಿಗೆಗಳು ಕೂಡಿ ಒಂದು ಅಹೋರಾತ್ರಿ. 1967ರಿಂದೀಚೆಗೆ ಸೀಸಿಯಂ ಪರಮಾಣುವಿನ 9,192,631,770 ಕಂಪನಗಳನ್ನು ಒಂದು ಸೆಕೆಂಡೆಂದು ಎಣಿಸುತ್ತಾರೆ. ಅಲ್ಲಿ ತುಂಬಿದ್ದು ನೀರು, ಇಲ್ಲಿ ಕಂಪಿಸಿದ್ದು ಪರಮಾಣು. ಕಾಲವೇ ಹರಿಯುತ್ತದೆನ್ನುವುದಾದರೆ ಆ ಹರಿವಿನ ವೇಗವನ್ನು ಅಳೆಯಲು ಮತ್ತೊಂದು ಕಾಲ ಬೇಕು, ಅದನ್ನಳೆಯಲು ಮಗುದೊಂದು. ಇದನ್ನೇ ನಮ್ಮ ತರ್ಕಶಾಸ್ತ್ರವು ಅನವಸ್ಥಾದೋಷವೆನ್ನುತ್ತದೆ. ಶುಭಗಳಿಗೆ ಅಶುಭಗಳಿಗೆಗಳೆಂಬ ಭೇದವನ್ನೇ ಅಲ್ಲಗಳೆದ ಶರಣರ ಮಕ್ಕಳು ಈ ಕಾಲಮಾಪಕಕ್ಕೆ ಅಂಜುವುದು ವಿಚಿತ್ರವಲ್ಲವೆ?

ಮುಖ್ಯವಾದ ಸಂಗತಿಯು ಬೇರೆಯೇ ಇದೆ. ಅಳೆಯಬೇಕಾದರೆ ಅಳೆಯುವವನು ಬೇರೆ, ಅಳತೆಗೊಳಗಾಗುವ ವಸ್ತು ಬೇರೆಯಾಗಿರಬೇಕು. ದೀಕ್ಷಾಕಾಲದಲ್ಲಿ ಶ್ರೀಗುರುವು ಶಿಷ್ಯನ ಚೈತನ್ಯವನ್ನೇ ಲಿಂಗರೂಪವಾಗಿ ಅವನ ಕರಸ್ಥಲಕ್ಕೆ ತಂದುಕೊಡುತ್ತಾನೆಂಬುದು ನಮ್ಮ ಸಿದ್ಧಾಂತ. ಶಿವನಿಂದ ಶಕ್ತಿಯು ಬೇರ್ಪಡುವಂತಹುದಲ್ಲ. ಬ್ಯಾಟರಿಯ ವಿದ್ಯುತ್ತಿನಂತೆ ತುಂಬಿಸಿ ಖರ್ಚು ಮಾಡುವ ಸರಕೂ ಅಲ್ಲ. ಪೂಜೆಯಲ್ಲಿ ಚಿತ್ತವು ಚಂಚಲವಾಯಿತೆ ಇಲ್ಲವೆ ಎಂಬುದು ಪೂಜಿಸಿದವನಿಗೆ ತಿಳಿದೇ ಇರುತ್ತದೆ. ಹಜಾರದಲ್ಲಿ ನಿಂತ ಪರಸ್ಥನು ಸಲಕರಣೆ ಹಿಡಿದು ಹೇಳಬೇಕಾಗಿಲ್ಲ. ಆದುದರಿಂದ ಆ ಲಿಂಗವನ್ನು ಬಿಡತಕ್ಕದ್ದಲ್ಲವೆಂದು ಅವರಿಗೆ ತಿಳಿಸಲಾಯಿತು.

ಶರಣರಲ್ಲಿ ಅಳತೆಯೇ ಇರಲಿಲ್ಲವೆಂದು ಭಾವಿಸಬಾರದು. ಆಯ್ದಕ್ಕಿ ಮಾರಯ್ಯನು ಒಂದು ದಿನ ನಿತ್ಯಕ್ಕಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದನು. ಲಕ್ಕಮ್ಮನು ಅದನ್ನು ಕಂಡೊಡನೆಯೇ ಹೆಚ್ಚಾದುದನ್ನು ತಂದಲ್ಲಿಗೇ ಸುರಿದು ಬರಬೇಕೆಂದು ಪತಿಯನ್ನು ಹಿಂದಕ್ಕೆ ಕಳುಹಿದಳು. ಅಂದಿನ ದಾಸೋಹಕ್ಕೆ ಎಷ್ಟು ಬೇಕೆಂಬುದು ಅವಳಿಗೆ ಗೊತ್ತಿತ್ತು.